ಜೈಲಿನಲ್ಲಿದ್ದ ಕೀಲಿಕೈ

“ಇವನಿಗೆ ಜಾಮೀನು ಕೊಟ್ಟರೆ ನಾಳೆ ಇನ್ನೊಂದು ಹೆಣ ಬೀಳುತ್ತೆ, ಮಹಾಸ್ವಾಮಿ!”

ಸರ್ಕಾರಿ ವಕೀಲರು ಈ ಮಾತನ್ನು ಎಷ್ಟು ಗಟ್ಟಿಯಾಗಿ ಹೇಳಿದರೆಂದರೆ, ಹಿಂದಿನ ಬೆಂಚಿನಲ್ಲಿ ತೂಕಡಿಸುತ್ತಿದ್ದ ಯಾರೋ ಒಬ್ಬ ತನ್ನ ಕೇಸನ್ನೇ ಕೂಗಿದರೆಂದುಕೊಂಡು ದಡಬಡನೆ ಎದ್ದು ಕೈಮುಗಿದ. ಇಡೀ ಕೋರ್ಟ್ ಹಾಲ್ ಕಿಸಕ್ಕೆಂದಿತು.

ನಗುವುದಕ್ಕೆ ಪಟಾಕಿಗೆ ಪುರುಸೊತ್ತಿರಲಿಲ್ಲ. ಪಟಾಕಿ ಎಂಬುದು ಕೋರ್ಟಿನವರೆಲ್ಲ ಸೇರಿ ಅವಳಿಗಿಟ್ಟ ಹೆಸರು. ಬತ್ತಿಗೆ ಕಿಡಿ ತಾಗಿದರೆ ಸಾಕು, ಎದುರಿಗೆ ಯಾರಿದ್ದಾರೆಂದು ನೋಡದೆ ಸಿಡಿಯುವ ವಕೀಲೆ ಅವಳು. ಇವತ್ತು ಮಾತ್ರ ಸಿಡಿಯಬೇಡ ಎಂದು ಅವಳ ಸೋದರಮಾವ ಬೆಳಿಗ್ಗೆಯೇ ಬುದ್ಧಿ ಹೇಳಿದ್ದರು. ಬಾಯಲ್ಲಲ್ಲ, ಸ್ಲೇಟಿನ ಮೇಲೆ ಬರೆದು.

ಮಾವ ಈ ಕೋರ್ಟಿನ ಹಳೇ ಹುಲಿ. ಗಂಟಲಿಗೆ ಆಪರೇಷನ್ ಆಗಿತ್ತು. ಮಾತಾಡಿದರೆ ಮತ್ತೆ ಕತ್ತರಿ ಹಾಕ್ತೀನಿ ಎಂದು ಡಾಕ್ಟರು ಹೆದರಿಸಿದ್ದರು. ಹಾಗಾಗಿ ಕೊಲೆ ಕೇಸಿನ ಜಾಮೀನು ಅರ್ಜಿ ಅಕ್ಕನ ಮಗಳ ಹೆಗಲಿಗೆ ಬಿತ್ತು. ಮಾವ ಪಕ್ಕದಲ್ಲೇ ಕೂತಿದ್ದರು, ತೊಡೆಯ ಮೇಲೆ ಸ್ಲೇಟು, ಕೈಯಲ್ಲಿ ಊರುಗೋಲು. ಗೋಲನ್ನು ಒಂದು ಸಲ ಕುಟ್ಟಿದರೆ ‘ಬಾಯಿ ಮುಚ್ಚು’ ಎಂದರ್ಥ, ಇದು ಇಬ್ಬರ ನಡುವಿನ ಒಪ್ಪಂದ.

ಕಟಕಟೆಯಲ್ಲಿ ಲಿಫ್ಟ್ ಮೆಕ್ಯಾನಿಕ್ ತಲೆ ತಗ್ಗಿಸಿ ನಿಂತಿದ್ದ. ಜೈಲಿಗೆ ಹೋದಾಗಿನಿಂದ ಅವನ ಕೈ ಪದೇ ಪದೇ ಕೊರಳಿನ ಬಳಿ ಹೋಗಿ ಏನನ್ನೋ ಹುಡುಕುತ್ತಿತ್ತು. ಮುಂದಿನ ಬೆಂಚಿನಲ್ಲಿ ಅವನ ಅಕ್ಕ. ಆಸ್ಪತ್ರೆಯಲ್ಲಿ ನರ್ಸು. ಅಪ್ಪ ಅಮ್ಮ ಹೋದ ಮೇಲೆ ತಮ್ಮನನ್ನು ಎತ್ತಿ ಆಡಿಸಿ ಬೆಳೆಸಿದವಳು ಅವಳೇ. ಡ್ಯೂಟಿಯ ಬಿಳಿ ಸೀರೆಯಲ್ಲೇ ಓಡಿ ಬಂದಿದ್ದಳು.

“ಆರು ಮಹಡಿ ಕಟ್ಟಡದ ಯಜಮಾನರು, ವಯಸ್ಸಾದವರು,” ಸರ್ಕಾರಿ ವಕೀಲರು ಮುಂದುವರಿಸಿದರು. “ನಾಲ್ಕನೇ ಮಹಡಿಯಲ್ಲಿ ಲಿಫ್ಟಿನ ಬಾಗಿಲು ತೆಗೆದು ಅವರನ್ನ ಗುಂಡಿಗೆ ತಳ್ಳಿದ್ದಾರೆ. ಲಿಫ್ಟ್ ಬೇರೆ ಮಹಡಿಯಲ್ಲಿದ್ದಾಗ ಆ ಬಾಗಿಲು ಸುಮ್ಮನೆ ತೆರೆಯಲ್ಲ, ಅದಕ್ಕೇ ಅಂತ ಒಂದು ಸಲಾಕೆ ಬೇಕು. ಆ ಸಲಾಕೆ ಸಿಕ್ಕಿದ್ದೆಲ್ಲಿ? ಇವನ ಚೀಲದಲ್ಲಿ! ಅವತ್ತು ಹಗಲು ಯಜಮಾನರ ಮುಂದೆ ನಿಂತು, ‘ಈ ಲಿಫ್ಟ್ ಒಂದಿನ ನಿಮ್ಮನ್ನೇ ನುಂಗುತ್ತೆ’ ಅಂತ ಕೂಗಾಡಿದ್ದ. ವಾಚ್‌ಮನ್ ಕೇಳಿಸಿಕೊಂಡಿದ್ದಾನೆ. ಮಾರನೇ ದಿನ ಇವನು ಸಿಕ್ಕಿದ್ದೆಲ್ಲಿ? ಬಸ್ ಸ್ಟ್ಯಾಂಡಿನಲ್ಲಿ! ಇನ್ನೇನು ಬೇಕು?”

ಮುಂದಿನ ಸಾಲಿನಲ್ಲಿ ಯಜಮಾನರ ಅಳಿಯ ಕಣ್ಣೊರೆಸಿಕೊಂಡ. ಅವನ ಬಲ ಅಂಗೈಗೆ ಬ್ಯಾಂಡೇಜು ಸುತ್ತಿತ್ತು. “ಇಂಥವನನ್ನ ಹೊರಗೆ ಬಿಟ್ಟರೆ ನಾವು ಮನೇಲಿ ನಿದ್ದೆ ಮಾಡೋದು ಹೆಂಗೆ ಸ್ವಾಮಿ?” ಎಂದು ಕೂತಲ್ಲಿಂದಲೇ ಗೋಳಿಟ್ಟ. ಕೋರ್ಟಿನ ಜವಾನ ‘ಶ್’ ಎಂದ.

ಪಟಾಕಿ ಎದ್ದಳು. ಅವಳ ಕರಿ ಚೀಲದಲ್ಲಿ ನಿನ್ನೆ ಸಂಜೆ ಸಿಕ್ಕ ವಸ್ತುವೊಂದು ಬೆಚ್ಚಗೆ ಕೂತಿತ್ತು. ಅದನ್ನು ಯಾವಾಗ ಹೊರಗೆಳೆಯಲಿ ಎಂದು ಬೆರಳುಗಳು ತುರಿಸುತ್ತಿದ್ದವು.

“ಮಹಾಸ್ವಾಮಿ, ನನ್ನ ಕಕ್ಷಿದಾರ ಕೊಲೆ ಮಾಡಿಲ್ಲ ಅಂತ ಈಗಲೇ, ಇಲ್ಲೇ, ನಾನು...”

“ಒಂದು ನಿಮಿಷ, ಮೇಡಂ.” ನ್ಯಾಯಾಧೀಶರು ಪೆನ್ನು ಕೆಳಗಿಟ್ಟರು. “ಕೊಲೆ ಮಾಡಿದ್ದಾನೋ ಇಲ್ಲವೋ ಅಂತ ಇವತ್ತು ನಾನು ಹೇಳೋದಿಲ್ಲ. ಅದಕ್ಕೆ ವಿಚಾರಣೆ ಇದೆ. ಆರೋಪ ಎಷ್ಟು ದೊಡ್ಡದು ಅಂತ ನನಗೆ ಗೊತ್ತು, ಹಾಗಾಗಿ ಸುಲಭಕ್ಕೆ ಬಿಡಲ್ಲ. ಆದರೆ ದೊಡ್ಡ ಆರೋಪ ಅನ್ನೋ ಒಂದೇ ಕಾರಣಕ್ಕೆ ಒಳಗೇ ಇಡೋದೂ ಇಲ್ಲ. ಬಿಟ್ಟರೆ ಓಡಿಹೋಗ್ತಾನಾ? ಸಾಕ್ಷಿಗಳ ತಂಟೆಗೆ ಹೋಗ್ತಾನಾ? ಮೇಲ್ನೋಟಕ್ಕೆ ಇವನ ಮೇಲಿರೋ ಅನುಮಾನಕ್ಕೆ ಬಲ ಇದೆಯಾ? ನನಗೆ ಬೇಕಾಗಿರೋದು ಅಷ್ಟು. ಅಲ್ಲಿಂದ ಶುರು ಮಾಡಿ.”

ಪಟಾಕಿಯ ಬತ್ತಿಗೆ ನೀರು ಬಿದ್ದಂತಾಯಿತು. ಮಾವ ಬೆಳಿಗ್ಗೆ ಸ್ಲೇಟಿನಲ್ಲಿ ಬರೆದಿದ್ದೂ ಇದನ್ನೇ. ‘ಜಾಮೀನು ಕೇಳೋಕೆ ಹೋಗಿ ಕೇಸ್ ಗೆಲ್ಲೋಕೆ ನೋಡ್ಬೇಡ.’ ಅವಳು ಓದಿ, ಸರಿ ಮಾವ ಎಂದು, ಮರೆತೂ ಬಿಟ್ಟಿದ್ದಳು. ಗುಟುಕು ನೀರು ಕುಡಿದು ಗಂಟಲು ಸರಿಮಾಡಿಕೊಂಡಳು.

“ಓಡಿಹೋಗುವ ಮಾತು ಮೊದಲು, ಮಹಾಸ್ವಾಮಿ. ಬಸ್ ಸ್ಟ್ಯಾಂಡಿನಲ್ಲಿ ಸಿಕ್ಕಾಗ ಇವನ ಚೀಲದಲ್ಲಿ ಬಟ್ಟೆ ಇರಲಿಲ್ಲ. ಸ್ಪ್ಯಾನರು, ಗ್ರೀಸ್ ಡಬ್ಬ, ಊಟದ ಡಬ್ಬಿ ಇತ್ತು. ಊರು ಬಿಟ್ಟು ಓಡುವವನು ಅಂಗಿ ಬಿಟ್ಟು ಗ್ರೀಸ್ ಡಬ್ಬ ಹೊತ್ತುಕೊಂಡು ಹೋಗ್ತಾನಾ?”

ನ್ಯಾಯಾಧೀಶರ ತುಟಿಯಂಚು ಅಲುಗಿತು. ಸರ್ಕಾರಿ ವಕೀಲರು ಫೈಲಿನೊಳಗೆ ಮುಖ ಹುದುಗಿಸಿದರು.

“ಅಕ್ಕ ಕೆಲಸ ಮಾಡುವ ಆಸ್ಪತ್ರೆಯಲ್ಲಿ ಲಿಫ್ಟ್ ಕೆಟ್ಟಿತ್ತು. ಆಸ್ಪತ್ರೆಯವರೇ ಫೋನ್ ಮಾಡಿ ಕರೆದಿದ್ದರು. ಅಲ್ಲಿಗೆ ಹೋಗುವ ಬಸ್ಸಿಗೆ ಕಾಯ್ತಿದ್ದ. ಹುಟ್ಟಿದ್ದು ಈ ಊರಲ್ಲಿ, ಬೆಳೆದದ್ದು ಈ ಊರಲ್ಲಿ, ಇರುವ ಒಬ್ಬಳೇ ಅಕ್ಕ ಇಲ್ಲೇ ಇದ್ದಾರೆ. ಅವರನ್ನ ಬಿಟ್ಟು ಎಲ್ಲಿಗೆ ಹೋಗ್ತಾನೆ?”

“ಸಾಕ್ಷಿಗಳು?”

“ವಾಚ್‌ಮನ್ ಹೇಳಿಕೆಯನ್ನು ಮ್ಯಾಜಿಸ್ಟ್ರೇಟರ ಮುಂದೆ ಆಗಲೇ ಬರೆಸಿಕೊಂಡಿದ್ದಾರೆ, ಮಹಾಸ್ವಾಮಿ. ಆ ಕಟ್ಟಡದ ನೆರಳನ್ನೂ ತುಳಿಯಬಾರದು ಅಂತ ಷರತ್ತು ಹಾಕಿ. ನಾವು ಒಪ್ತೀವಿ.”

ಸರಸರನೆ ಪೆನ್ನು ಓಡಿತು. ಮಾವ ಊರುಗೋಲಿನ ಹಿಡಿಯ ಮೇಲೆ ಗಲ್ಲವಿಟ್ಟು ಕಣ್ಣಲ್ಲೇ ಭೇಷ್ ಎಂದರು. ಇಲ್ಲಿಗೇ ಕೂತಿದ್ದರೆ ಎಲ್ಲ ಸುಸೂತ್ರವಾಗುತ್ತಿತ್ತು. ಆದರೆ ಮೂರನೆಯ ಪ್ರಶ್ನೆ ಬಾಕಿ ಇತ್ತು, ಚೀಲದಲ್ಲಿ ಆ ವಸ್ತುವೂ ಇತ್ತು.

“ಇನ್ನು ಅನುಮಾನದ ಬಲ. ಕೊಲೆಯಾದ ಮಾರನೇ ಬೆಳಿಗ್ಗೆ ಪೊಲೀಸರು ನಾಲ್ಕನೇ ಮಹಡಿಗೆ ಹೇಗೆ ಹೋದರು ಅಂತ ಸರ್ಕಾರಿ ವಕೀಲರು ಹೇಳಲಿ.”

“ಹೇಗೆ ಅಂದರೆ? ಹೆಣ ಎತ್ತಿದ ಮೇಲೆ ಅದೇ ಲಿಫ್ಟಿನಲ್ಲಿ ಹೋದರು!”

“ಲಿಫ್ಟ್ ಓಡ್ತಿತ್ತಾ?”

ಗೋಡೆಗೊರಗಿ ನಿಂತಿದ್ದ ಇನ್ಸ್‌ಪೆಕ್ಟರ್ ‘ಹೂಂ’ ಎಂದು ತಲೆಯಾಡಿಸಿದರು.

ಪಟಾಕಿ ಚೀಲಕ್ಕೆ ಕೈ ಹಾಕಿ ಪ್ಲಾಸ್ಟಿಕ್ ಕವರೊಂದನ್ನು ಎತ್ತಿ ಹಿಡಿದಳು. ಒಳಗೊಂದು ಹಿತ್ತಾಳೆ ಬೀಗ. ಅದರ ಕೊಂಡಿಯನ್ನು ಯಾರೋ ಕತ್ತರಿಸಿದ್ದರು. ಕೀಲಿಕೈ ಹಾಕುವ ಭಾಗ ಹಾಗೆಯೇ ಇತ್ತು.

“ಲಿಫ್ಟ್ ಮೆಕ್ಯಾನಿಕ್‌ಗಳ ಒಂದು ರೂಢಿ, ಮಹಾಸ್ವಾಮಿ. ಲಿಫ್ಟ್ ಬಿಚ್ಚುವ ಮುಂಚೆ ಮೇನ್ ಸ್ವಿಚ್ ಆರಿಸಿ, ಅದಕ್ಕೆ ತಮ್ಮದೇ ಬೀಗ ಜಡೀತಾರೆ. ಒಳಗೆ ಕೈಯಿಟ್ಟು ಕೂತಿರುವಾಗ ಯಾರಾದರೂ ಕರೆಂಟ್ ಕೊಟ್ಟರೆ ಜೀವ ಹೋಗುತ್ತಲ್ಲ, ಅದಕ್ಕೆ. ಒಬ್ಬರ ಬೀಗವನ್ನು ಇನ್ನೊಬ್ಬರು ಮುಟ್ಟಲ್ಲ. ಇವನು ಯಜಮಾನರ ಹತ್ತಿರ ಕೂಗಾಡಿದ್ದು ಯಾಕೆ? ಬ್ರೇಕ್ ಸವೆದಿದೆ, ಜನ ಸಾಯ್ತಾರೆ, ಲಿಫ್ಟ್ ನಿಲ್ಲಿಸಿ ಅಂತ. ಅವರು ಕೇಳಲಿಲ್ಲ. ಇವನೇ ಸ್ವಿಚ್ ಆರಿಸಿ ಬೀಗ ಹಾಕಿ ಮನೆಗೆ ಹೋದ. ಹಾಗಿದ್ದರೆ ಬೆಳಿಗ್ಗೆ ಲಿಫ್ಟ್ ಓಡಿದ್ದು ಹೇಗೆ? ಯಾರೋ ಬೀಗ ಕತ್ತರಿಸಿ ಕರೆಂಟ್ ಕೊಟ್ಟಿದ್ದಾರೆ. ಇವನು ನಾಲ್ಕನೇ ಮಹಡಿಯಲ್ಲಿ ನಿಲ್ಲಿಸಿದ್ದ ಲಿಫ್ಟನ್ನ ಮೇಲಕ್ಕೆ ಕಳಿಸಿ, ಗುಂಡಿ ಖಾಲಿ ಮಾಡಿಕೊಂಡಿದ್ದಾರೆ. ಬಾಗಿಲು ತೆಗೆಯುವ ಸಲಾಕೆ ಕಟ್ಟಡದವರ ಹತ್ತಿರವೂ ಒಂದಿರುತ್ತೆ. ಈ ಬೀಗ ಟೆರೇಸಿನ ಮೋಟಾರ್ ಕೋಣೆಯಲ್ಲಿ, ಬೆಂಕಿ ಆರಿಸುವ ಮರಳಿನ ಬಕೆಟ್ಟಿನೊಳಗೆ ಹೂತಿತ್ತು!”

ಬಕೆಟ್ಟಿಗೆ ತಾನು ಎಡವಿ ಮೂತಿ ಜಜ್ಜಿಕೊಂಡು ಬಿದ್ದದ್ದರಿಂದ ಅದು ಸಿಕ್ಕಿತೆಂಬುದನ್ನು ಅವಳು ಹೇಳಲಿಲ್ಲ. ಎಲ್ಲವನ್ನೂ ಕೋರ್ಟಿಗೆ ಹೇಳಬೇಕೆಂದೇನೂ ಇಲ್ಲವಲ್ಲ.

ಹಾಲಿನಲ್ಲಿ ಗುಜುಗುಜು ಎದ್ದಿತು. ಸರ್ಕಾರಿ ವಕೀಲರು ಮುಖ ಕೆಂಪಗೆ ಮಾಡಿಕೊಂಡು ಎದ್ದರು.

“ಇದೇನು ನಾಟಕ ಕಂಪನಿಯೇ? ಗುಜರಿ ಅಂಗಡಿಗೆ ಹೋದರೆ ಇಂಥ ಬೀಗ ಬುಟ್ಟಿಗಟ್ಟಲೆ ಸಿಗುತ್ತೆ! ನಿನ್ನೆ ನೀವೇ ಹಾಕಿ, ಇವತ್ತು ನೀವೇ ತೆಗೆದಿರಬಹುದು. ಇದು ಇವನದೇ ಬೀಗ ಅನ್ನೋಕೆ ಏನು ಗುರುತು? ಹೇಳಿ ನೋಡೋಣ!”

ಠಕ್.

ಮಾವನ ಊರುಗೋಲು. ಪಟಾಕಿಗೆ ಕೇಳಿಸಿತು. ಕೇಳಿಸಿಯೂ ಕೇಳಿಸಲಿಲ್ಲ. ‘ನೀವೇ ಹಾಕಿ’ ಎಂಬ ಮಾತು ಬತ್ತಿಗೆ ತಾಗಿಬಿಟ್ಟಿತ್ತು.

“ಗುರುತು ಬೇಕಾ? ಈ ಬೀಗಕ್ಕೆ ಇರೋದು ಒಂದೇ ಕೀಲಿಕೈ. ಇವನು ಅದನ್ನ ದಾರಕ್ಕೆ ಕಟ್ಟಿ ಯಾವಾಗಲೂ ಕೊರಳಲ್ಲಿ ಹಾಕಿಕೊಂಡಿರ್ತಿದ್ದ. ಜೈಲಿಗೆ ಹೋದ ದಿನ ಗೇಟಿನಲ್ಲಿ ಬಿಚ್ಚಿಸಿಕೊಂಡು, ಅವನ ಸಾಮಾನಿನ ಜೊತೆ ಜೈಲಿನವರೇ ಎತ್ತಿಟ್ಟಿದ್ದಾರೆ. ಈಗಲೂ ಅಲ್ಲೇ ಇದೆ! ಅದನ್ನ ತಂದು ಈ ಬೀಗಕ್ಕೆ ಹಾಕಿ ತಿರುಗಿಸಿ. ತಿರುಗಿದರೆ ಇದು ಅವನ ಬೀಗ. ಕೀಲಿಕೈ ಕೊರಳಲ್ಲಿ ಇಟ್ಟುಕೊಂಡವನು ತನ್ನ ಬೀಗವನ್ನ ತಾನೇ ಯಾಕೆ ಕತ್ತರಿಸ್ತಾನೆ?”

ಠಕ್. ಠಕ್. ಠಕ್.

ಅಳಿಯ ಬ್ಯಾಂಡೇಜು ಸುತ್ತಿದ ಕೈಯನ್ನು ಮೆಲ್ಲಗೆ ಮಡಿಲಿಗೆ ಎಳೆದುಕೊಂಡ. ಕೊನೆಯ ಬೆಂಚಿನಲ್ಲಿ, ಅದೇ ಕಟ್ಟಡದ ನೆಲಮಹಡಿಯಲ್ಲಿ ಕನ್ನಡಕದಂಗಡಿ ಇಟ್ಟಿರುವವರೊಬ್ಬರು ಹಳದಿ ಬಟ್ಟೆಯಿಂದ ತಮ್ಮ ಕನ್ನಡಕ ಒರೆಸುತ್ತಾ ಕೂತಿದ್ದರು, ಒರೆಸುವುದನ್ನು ನಿಲ್ಲಿಸಿದರು.

ನ್ಯಾಯಾಧೀಶರು ಕವರಿನತ್ತ ಪೆನ್ನು ತೋರಿಸಿದರು.

“ಬೀಗವನ್ನು ಇನ್ಸ್‌ಪೆಕ್ಟರ್ ವಶಕ್ಕೆ ಕೊಡಿ. ತನಿಖೆ ಅವರ ಕೆಲಸ, ಅದು ತಿರುಗುತ್ತೋ ಇಲ್ಲವೋ ನಾನಿಲ್ಲಿ ಪರೀಕ್ಷೆ ಮಾಡಲ್ಲ. ಆದರೆ ಉತ್ತರ ಸಿಗದ ಪ್ರಶ್ನೆ ಒಂದಿದೆ ಅನ್ನೋದಂತೂ ಕಾಣ್ತಿದೆ. ಓಡಿಹೋಗುವ ಲಕ್ಷಣ ಕಾಣ್ತಿಲ್ಲ. ಜಾಮೀನು ಕೊಟ್ಟಿದ್ದೇನೆ. ಇಬ್ಬರು ಜಾಮೀನುದಾರರು ಬೇಕು. ಕಟ್ಟಡಕ್ಕೆ ಕಾಲಿಡಬಾರದು, ವಾಚ್‌ಮನ್ ಜೊತೆ ಮಾತಾಡಬಾರದು, ಊರು ಬಿಡಬಾರದು, ವಾರಕ್ಕೊಮ್ಮೆ ಠಾಣೆಗೆ ಹೋಗಿ ಸಹಿ ಹಾಕಬೇಕು. ಇವತ್ತು ನಾನು ಹೇಳಿದ ಯಾವ ಮಾತನ್ನೂ ವಿಚಾರಣೆಯಲ್ಲಿ ಯಾರೂ ಎತ್ತಬೇಡಿ.”

ಪಟಾಕಿಯ ಕಾಲು ನೆಲಕ್ಕೆ ತಾಗುತ್ತಿರಲಿಲ್ಲ. ಕೊಲೆ ಕೇಸಿನಲ್ಲಿ ಜಾಮೀನು! ಅದೂ ಮೊದಲನೇ ಸಲಕ್ಕೆ! ಅಕ್ಕ ಓಡಿಬಂದು ಅವಳನ್ನು ತಬ್ಬಿಕೊಂಡು, ಕಪ್ಪು ಕೋಟಿನ ಹೆಗಲು ಒದ್ದೆಯಾಗುವಷ್ಟು ಅತ್ತಳು. ಕಟಕಟೆಯಲ್ಲಿ ಮೆಕ್ಯಾನಿಕ್ ಎಷ್ಟೋ ದಿನಗಳ ಮೇಲೆ ನಕ್ಕ. ಅವನನ್ನು ಜೈಲಿನ ವ್ಯಾನಿಗೆ ಕರೆದೊಯ್ಯುವಾಗ, “ಅಕ್ಕಾ, ಊಟಕ್ಕೆ ಮನೆಗೇ ಬರ್ತೀನಿ ಕಣೇ!” ಎಂದು ಕೂಗಿದ. ಪೊಲೀಸನೂ ಗದರಲಿಲ್ಲ.

ವಕೀಲರು ಮುತ್ತಿಕೊಂಡು ಕೈಕುಲುಕಿದರು. ಆಚೆ ಮೂಲೆಯಲ್ಲಿ ಮಾವ ಸ್ಲೇಟು ಎತ್ತಿ ಅಲ್ಲಾಡಿಸುತ್ತಿದ್ದರು. ಶಹಬ್ಬಾಸ್ ಎಂದು ಬರೆದಿರುತ್ತಾರೆ ಎಂದುಕೊಂಡು ಪಟಾಕಿ ದೂರದಿಂದಲೇ ಕೈಬೀಸಿದಳು.

ಆಮೇಲೆ ಶುರುವಾಯಿತು ಜಾಮೀನುದಾರರ ಪರದಾಟ. ಆದೇಶ ಸಿಕ್ಕರೂ, ಇವನು ತಪ್ಪಿಸಿಕೊಂಡರೆ ನಾನು ಹೊಣೆ ಎಂದು ಇಬ್ಬರು ಸಹಿ ಹಾಕುವ ತನಕ ಜೈಲಿನ ಬಾಗಿಲು ತೆರೆಯುವುದಿಲ್ಲ. ಒಂದು ಸಹಿ ಅಕ್ಕನದು. ಇನ್ನೊಂದಕ್ಕೆ ಬರುತ್ತೇನೆಂದಿದ್ದ ದೊಡ್ಡಪ್ಪನ ಮಗ ಫೋನಿನಲ್ಲೇ ಕೈ ಎತ್ತಿದ.

“ಕೊಲೆ ಕೇಸಂತೆ, ನಮ್ಮನೆಯವಳು ಬೇಡ ಅಂತಾಳೆ ಅಕ್ಕಾ. ತಪ್ಪು ತಿಳ್ಕೋಬೇಡ.”

ಅಕ್ಕನ ಮುಖ ಸಪ್ಪಗಾಯಿತು. ಆಗ ಹಿಂದಿನಿಂದ ಮೃದುವಾದ ದನಿಯೊಂದು ಕೇಳಿತು.

“ನಾನು ಹಾಕಲಾ, ಅಮ್ಮಾ?”

ಕನ್ನಡಕದಂಗಡಿಯವರು. “ಒಳ್ಳೇ ಹುಡುಗ. ನಮ್ಮಂಗಡಿ ಷಟರ್ ಕೆಟ್ಟಾಗಲೆಲ್ಲ ಅವನೇ ಬಂದು ಸರಿ ಮಾಡೋನು. ಇಷ್ಟು ಮಾಡದಿದ್ದರೆ ಹೇಗೆ?” ಎಂದು ನಕ್ಕರು. ಅಕ್ಕ ಅವರ ಕಾಲಿಗೆ ಬೀಳುವುದೊಂದು ಬಾಕಿ. ಸಹಿಯಾಯಿತು. ಬಿಡುಗಡೆ ಆದೇಶ ಜೈಲಿಗೆ ತಲುಪುವುದು ನಾಳೆಯೇ, ಜವಾನನಿಗೆ ಇವತ್ತು ಬೇರೆ ಕೆಲಸವಿದೆ ಎಂದು ಗುಮಾಸ್ತ ಆಕಳಿಸಿದ. ಕನ್ನಡಕದವರು ಇನ್ನೂ ಏನೋ ಕೇಳಲು ಗುಮಾಸ್ತನ ಮೇಜಿನ ಬಳಿಯೇ ಉಳಿದರು. ಪಟಾಕಿ ಅಕ್ಕನ ಕೈ ಹಿಡಿದು ಕ್ಯಾಂಟೀನಿಗೆ ಎಳೆದುಕೊಂಡು ಹೋದಳು.

ಮಧ್ಯಾಹ್ನದ ಗದ್ದಲದಲ್ಲಿ ಕಾಫಿ ಬರಲು ಒಂದು ಗಂಟೆಯೇ ಹಿಡಿಯಿತು. ಕಾಫಿಯ ಹಿಂದೆಯೇ ಮಾವ ಬಂದರು, ಕೋರ್ಟೆಲ್ಲ ಹುಡುಕಿ ಏದುಸಿರು ಬಿಡುತ್ತಾ. ಕೂರಲಿಲ್ಲ. ಸ್ಲೇಟನ್ನು ಟಪ್ಪನೆ ಲೋಟಗಳ ನಡುವೆ ಇಟ್ಟರು.

‘ಅವನು ಹೊರಗೆ ಬಂದ್ರೆ ಕೀಲಿಕೈಯೂ ಹೊರಗೆ ಬರುತ್ತೆ.’

ಪಟಾಕಿ ಒಂದು ಸಲ ಓದಿದಳು. ಮತ್ತೊಂದು ಸಲ ಓದಿದಳು. ನಗು ತುಟಿಯಲ್ಲೇ ಒಣಗಿತು.

“ಅಯ್ಯೋ ಮಾವ...”

ಬಿಡುಗಡೆಯ ಹೊತ್ತಿಗೆ ಕೈದಿಯ ಸಾಮಾನನ್ನೆಲ್ಲ ಜೈಲಿನವರು ಅವನ ಕೈಗೇ ಕೊಡುತ್ತಾರೆ. ಚಪ್ಪಲಿ, ವಾಚು, ಕೊರಳಿನ ದಾರ. ಬೀಗವೇನೋ ಪೊಲೀಸರ ಬಳಿ ಭದ್ರವಾಗಿದೆ, ಆದರೆ ಆ ಕೀಲಿಕೈ ಇಲ್ಲದಿದ್ದರೆ ಅದು ಯಾರದೋ ಹಳೇ ಬೀಗ, ಅಷ್ಟೇ. ಅವನು ಒಳಗಿದ್ದಷ್ಟು ದಿನ ಕೀಲಿಕೈಗೆ ಇಡೀ ಜೈಲೇ ಕಾವಲಿತ್ತು. ಅದನ್ನು ಹೊರಗೆ ತಂದವಳು ತಾನೇ! ಅದು ಎಲ್ಲಿದೆಯೆಂದು ತುಂಬಿದ ಕೋರ್ಟಿನಲ್ಲಿ ಡಂಗುರ ಹೊಡೆದವಳೂ ತಾನೇ!

“ಕೀಲಿಕೈಯನ್ನ ಪೊಲೀಸರಿಗೇ ಒಪ್ಪಿಸಿ ಅಂತ ಒಂದು ಮಾತು ಕೇಳಿದ್ದರೆ ಮುಗೀತಿತ್ತು,” ಎಂದು ಹಣೆ ಚಚ್ಚಿಕೊಂಡಳು. “ಕೇಳಬಾರದಿತ್ತಾ ನಾನು? ನನ್ನ ಬಾಯಿಗಿಷ್ಟು!”

ಮಾವ ಸ್ಲೇಟು ಒರೆಸಿ ಬರೆದರು. ‘ಬೈಕೊಳ್ಳೋದು ಆಮೇಲೆ. ನಡಿ.’

“ಏನಾಯ್ತು ಮೇಡಂ?” ಅಕ್ಕ ಲೋಟ ಕೆಳಗಿಟ್ಟಳು. “ಅವನಿಗೇನಾದ್ರೂ ತೊಂದ್ರೇನಾ?”

“ಏನಿಲ್ಲಕ್ಕಾ, ಆದೇಶ ಹೋಗೋದು ನಾಳೆ ತಾನೇ? ಅಷ್ಟರೊಳಗೆ ನಾವು ಹೋಗಿ ಜೈಲರ್ ಹತ್ತಿರ ಮಾತಾಡೋಣ. ಕೀಲಿಕೈ ಕೊಡಬೇಡಿ ಅಂತ ಹೇಳಿದರಾಯ್ತು.”

ದಾರಿಯಲ್ಲಿ ಆಟೋದವನಿಗೆ ಮೂವರೂ ಸೇರಿ ಅವಸರ ಮಾಡಿದರು, ಮಾವ ಊರುಗೋಲು ಕುಟ್ಟಿಯೇ. ಸಿಗ್ನಲ್ಲಿನಲ್ಲಿ ಕೆಂಪು ದೀಪ ಬಿದ್ದಾಗ ಪಟಾಕಿ ಅದಕ್ಕೂ ಬೈದಳು. ನಡುವೆ ಅವಳಿಗೆ ಬ್ಯಾಂಡೇಜು ಸುತ್ತಿದ ಆ ಅಂಗೈ ನೆನಪಾಯಿತು. ಹಿತ್ತಾಳೆ ಬೀಗದ ಆ ದಪ್ಪ ಕೊಂಡಿಯನ್ನು ಅಭ್ಯಾಸವಿಲ್ಲದವನು ಕತ್ತರಿಸಲು ಹೋದರೆ ಅಂಗೈ ಕಿತ್ತು ಬಾರದೆ ಇರುತ್ತದೆಯೇ?

“ಅಳಿಯ, ಮಾವ! ಅಳಿಯನೇ! ಜಾಮೀನು ಬೇಡ ಅಂತ ಅಷ್ಟು ಅತ್ತಿದ್ದು...”

ಮಾವ ಅಡ್ಡಡ್ಡ ತಲೆಯಾಡಿಸಿ ಬರೆದರು. ‘ಕೀಲಿಕೈ ವಿಷಯ ಗೊತ್ತಾಗೋ ಮುಂಚೆ ಅತ್ತ. ಆಮೇಲೆ?’

ಆಮೇಲೆ ಅಳಿಯ ತುಟಿ ಬಿಚ್ಚಿರಲಿಲ್ಲ. ಜಾಮೀನು ಕೊಟ್ಟಾಗಲೂ ಚಕಾರ ಎತ್ತಲಿಲ್ಲ. ಈಗ ಮೆಕ್ಯಾನಿಕ್ ಹೊರಗೆ ಬರುವುದೇ ಅವನಿಗೂ ಬೇಕಿತ್ತು.

ಜೈಲಿನ ದೊಡ್ಡ ಗೇಟಿನ ಸಣ್ಣ ಕಿಂಡಿಯಲ್ಲಿ ವಾರ್ಡರನ ಮೀಸೆ ಮೊದಲು ಕಾಣಿಸಿತು, ಆಮೇಲೆ ಮುಖ. ಬಿಸಿಲು ಇನ್ನೂ ಗೋಡೆಯ ಮೇಲಿತ್ತು.

“ಲಿಫ್ಟ್ ಮೆಕ್ಯಾನಿಕ್ಕಾ? ಹೋದನಲ್ಲ!”

“ಹೋದನಾ? ಆದೇಶ ನಾಳೆ ಬರೋದು ಅಂದಿದ್ದರಲ್ಲ!”

“ಯಾರೋ ಪುಣ್ಯಾತ್ಮರು ಕೋರ್ಟಿನ ಜವಾನನನ್ನ ತಮ್ಮ ಕಾರಲ್ಲೇ ಕೂರಿಸಿಕೊಂಡು ಬಂದು ತಲುಪಿಸಿದರು, ಮೇಡಂ. ಕನ್ನಡಕದಂಗಡಿಯವರಂತೆ. ಹುಡುಗನಿಗೆ ಅವರ ಗುರುತಿತ್ತು, ಖುಷಿಯಾಗಿಬಿಟ್ಟ. ಕಾರಲ್ಲಿ ಅವನ ಭಾವನೂ ಇದ್ದರು.”

“ಭಾವ?”

“ಹೂಂ, ಅಕ್ಕನ ಗಂಡ. ಕೆಳಗಿಳೀಲಿಲ್ಲ, ಕಪ್ಪು ಗಾಜು ಏರಿಸಿಕೊಂಡು ಸ್ಟೇರಿಂಗ್ ಹಿಡಿದು ಕೂತೇ ಇದ್ದರು, ಹುಡುಗ ಇನ್ನೂ ಒಳಗೇ ಇದ್ದ. ನಾನೇ ಹತ್ತಿರ ಹೋಗಿ ನೀವ್ಯಾರು ಅಂತ ಕೇಳಿದ್ದಕ್ಕೆ, ಭಾವ ಅಂದರು. ಪಾಪ, ಅಂಗೈಗೆ ಏಟಾಗಿತ್ತು, ಬ್ಯಾಂಡೇಜು ಕಟ್ಟಿಕೊಂಡಿದ್ದರು.”

ಅಕ್ಕ ಕಿಂಡಿಯ ಸರಳನ್ನು ಗಟ್ಟಿಯಾಗಿ ಹಿಡಿದುಕೊಂಡಳು.

“ಅವನ ಅಕ್ಕ ನಾನೇ ಸ್ವಾಮಿ. ನಂಗೆ ಮದುವೇನೇ ಆಗಿಲ್ಲ.”

ವಾರ್ಡರನ ಮೀಸೆ ಅಲುಗುವುದನ್ನು ನಿಲ್ಲಿಸಿತು. ಊರುಗೋಲು ಮಾವನ ಕೈಜಾರಿ ನೆಲಕ್ಕೆ ಬಿತ್ತು. ಅಳಿಯ ಮತ್ತು ಕನ್ನಡಕದವರು, ಒಬ್ಬ ಜಾಮೀನು ಬೇಡವೆಂದು ಗೋಳಿಟ್ಟವನು, ಇನ್ನೊಬ್ಬರು ಮುಂದೆ ಬಂದು ಸಹಿ ಹಾಕಿದವರು, ಇಬ್ಬರೂ ಒಂದೇ ಕಾರಿನಲ್ಲಿ!

ಪಟಾಕಿ ಕಿಂಡಿಗೆ ಮುಖವಿಟ್ಟಳು. ಕೇಳಲು ಹೆದರಿಕೆ, ಕೇಳದಿರಲೂ ಆಗದು.

“ಅವನ ಸಾಮಾನಿನಲ್ಲಿ ದಾರಕ್ಕೆ ಕಟ್ಟಿದ ಒಂದು ಕೀಲಿಕೈ ಇತ್ತಲ್ಲ...”

“ಕೊಟ್ವಲ್ಲ ಮೇಡಂ. ಮಿಕ್ಕಿದ್ದನ್ನೆಲ್ಲ ಚೀಲಕ್ಕೆ ತುಂಬಿಕೊಂಡ. ಅದೊಂದನ್ನ ಮಾತ್ರ ಕಣ್ಣಿಗೊತ್ತಿಕೊಂಡು, ಅಲ್ಲೇ ನಿಂತು ಕೊರಳಿಗೆ ಹಾಕ್ಕೊಂಡು, ನಗ್ತಾ ಕಾರು ಹತ್ತಿದ.”